ನಿಮ್ಮ ಪ್ರಶ್ನೆ: ಐನೂರು ಡಾಲರಿನ ಪಡ್ಜ್

ಹೋದ ಸಂಚಿಕೆಯಲ್ಲಿ ಓದುಗರೊಬ್ಬರು, ಅಮೆರಿಕನ್ ಫುಟ್‌ಬಾಲ್‌ನಲ್ಲಿ ದುಡ್ಡು ತಗೊಂಡು ಆಡಿದ ಮೊದಲ ಆಟಗಾರ ಯಾರು ಅಂತ ಕೇಳಿದ್ದರು. ನಾನು ಎರಡೇ ಸಾಲಲ್ಲಿ ಉತ್ತರ ಮುಗಿಸಿದ್ದೆ: ಅಮೆರಿಕದ ಯೇಲ್ ವಿಶ್ವವಿದ್ಯಾಲಯದಲ್ಲಿ ಓದಿದ ಪಡ್ಜ್ ಹೆಫಲ್‌ಫಿಂಗರ್, 1892ರ ನವೆಂಬರ್ 12, ಒಂದು ಪಂದ್ಯಕ್ಕೆ 500 ಡಾಲರ್. ಆಮೇಲೆ ಬಂದ ಪತ್ರಗಳನ್ನು ಓದುತ್ತಾ ಹೋದಂತೆ, ಈ ಮನುಷ್ಯನನ್ನು ಎರಡು ಸಾಲಿಗೆ ಅಳೆದದ್ದು ತಪ್ಪು ಅನ್ನಿಸಿತು. ಅದಕ್ಕೇ ಈ ಸಲ ಅಂಕಣ ಪೂರ್ತಿ ಅವನಿಗೇ ಬಿಟ್ಟಿದ್ದೇನೆ.

ಪ್ರಶ್ನೆ: ಪಡ್ಜ್ ಅನ್ನೋದು ನಿಜವಾದ ಹೆಸರಾ? ಆತ ಯಾವ ಊರಿನವನು?

ನಿಜವಾದ ಹೆಸರು ವಿಲಿಯಂ ವಾಲ್ಟರ್ ಹೆಫಲ್‌ಫಿಂಗರ್. ಹುಟ್ಟಿದ್ದು 1867ರ ಡಿಸೆಂಬರ್ 20, ಮಿನಿಸೋಟ ರಾಜ್ಯದ ಮಿನಿಯಾಪೊಲಿಸ್‌ನಲ್ಲಿ. ಅಪ್ಪ ಅಮೆರಿಕದ ಅಂತರ್ಯುದ್ಧದಲ್ಲಿ ಮಿನಿಸೋಟದ ಮೊದಲ ರೆಜಿಮೆಂಟ್‌ನಲ್ಲಿದ್ದವರು, ಆಮೇಲೆ ಊರಿನಲ್ಲಿ ಬೂಟಿನ ವ್ಯಾಪಾರ ನಡೆಸಿದವರು. ಪಡ್ಜ್ ಅಂದರೆ ಇಂಗ್ಲಿಷಿನಲ್ಲಿ ಗುಂಡಗುಂಡಗಿರುವವನು ಅಂತ. ಬೆಳೆದ ಮೇಲೆ ಆತ ಗುಂಡಗೇನೂ ಇರಲಿಲ್ಲ. ಆರಡಿ ಮೀರಿದ ಎತ್ತರ, ಸುಮಾರು 200 ಪೌಂಡ್ ತೂಕ, ಅಂದರೆ 90 ಕಿಲೋ. ಆದರೂ ಅಡ್ಡಹೆಸರು ಮಾತ್ರ ಸಾಯುವವರೆಗೂ ಅಂಟಿಕೊಂಡೇ ಇತ್ತು.

ಪ್ರಶ್ನೆ: ಫುಟ್‌ಬಾಲ್ ಅಂದರೆ ಕಾಲಲ್ಲಿ ಒದೆಯೋ ಆಟ ಅಲ್ವಾ? ಇವರು ಚೆಂಡನ್ನು ಕಂಕುಳಲ್ಲಿ ಇಟ್ಟುಕೊಂಡು ಓಡುತ್ತಾರೆ. ಆ ಕಾಲದಲ್ಲೂ ಹಾಗೇ ಇತ್ತಾ?

ಶುರುವಿನಲ್ಲಿ ಒದೆಯೋದೇ ಜಾಸ್ತಿ ಇತ್ತು. 1869ರ ನವೆಂಬರ್ 6ರಂದು ರಟ್ಗರ್ಸ್ ಮತ್ತು ಪ್ರಿನ್ಸ್‌ಟನ್ ಕಾಲೇಜುಗಳು ಆಡಿದ ಪಂದ್ಯವನ್ನು ಮೊದಲ ಕಾಲೇಜು ಫುಟ್‌ಬಾಲ್ ಪಂದ್ಯ ಅನ್ನುತ್ತಾರೆ. ಅದು ಸಾಕರ್‌ಗೇ, ಅಂದರೆ ನಾವು ಫುಟ್‌ಬಾಲ್ ಅನ್ನುವ ಆಟಕ್ಕೇ ಹತ್ತಿರ. ರಟ್ಗರ್ಸ್ 6-4ರಲ್ಲಿ ಗೆದ್ದಿತ್ತು. ಆಮೇಲೆ ಹಾರ್ವರ್ಡ್‌ನವರು ಚೆಂಡು ಕೈಯಲ್ಲಿ ಹಿಡಿದು ಓಡುವ ರಗ್ಬಿಗೆ ಮರುಳಾದರು, ಉಳಿದವರೂ ಅದೇ ದಾರಿ ಹಿಡಿದರು.

ಆ ರಗ್ಬಿಯನ್ನು ಮುರಿದು ಬೇರೆಯೇ ಆಟ ಮಾಡಿದವನು ಯೇಲ್‌ನ ವಾಲ್ಟರ್ ಕ್ಯಾಂಪ್. 1880ರಲ್ಲಿ ತಂಡಕ್ಕೆ 11 ಜನ ಅಂತಾಯಿತು. ಎಲ್ಲರೂ ಒಂದೇ ಚೆಂಡಿಗೆ ಗುಂಪಾಗಿ ಮುತ್ತಿಕೊಳ್ಳುವ ಬದಲು, ಒಂದು ತಂಡದ ಕೈಯಲ್ಲಿ ಚೆಂಡು, ಎದುರಿಗೆ ಇನ್ನೊಂದು ತಂಡ, ನಡುವೆ ಗೆರೆ ಅಂತಾಯಿತು. 1882ರಲ್ಲಿ ಇನ್ನೊಂದು ನಿಯಮ ಬಂತು: ಮೂರು ಪ್ರಯತ್ನದೊಳಗೆ ಐದು ಗಜ ಮುಂದೆ ಹೋಗಬೇಕು, ಇಲ್ಲದಿದ್ದರೆ ಚೆಂಡು ಎದುರಾಳಿಗೆ. ಐದು ಗಜ ಅಳೆಯೋಕೆ ಮೈದಾನದ ತುಂಬ ಅಡ್ಡಗೆರೆ ಎಳೆದರು. ದೂರದಿಂದ ಮಾಂಸ ಸುಡುವ ಕಬ್ಬಿಣದ ಜಾಲರಿಯ ಹಾಗೆ ಕಂಡಿತಂತೆ, ಅದಕ್ಕೇ ಇವತ್ತಿಗೂ ಆ ಮೈದಾನಕ್ಕೆ ಗ್ರಿಡೈರನ್ ಅನ್ನುತ್ತಾರೆ.

ಒಂದು ಮಾತು ನೆನಪಿಟ್ಟುಕೊಂಡರೆ ಪಡ್ಜ್‌ನ ಕಥೆ ಸುಲಭವಾಗಿ ಅರ್ಥ ಆಗುತ್ತದೆ. ಇವತ್ತು ಟಿವಿಯಲ್ಲಿ ನೋಡುವ ಹಾಗೆ ಚೆಂಡನ್ನು ಮುಂದಕ್ಕೆ ಎಸೆಯುವಂತಿರಲಿಲ್ಲ. ಅದಕ್ಕೆ ಒಪ್ಪಿಗೆ ಸಿಕ್ಕಿದ್ದು 1906ರಲ್ಲಿ. ಅಲ್ಲಿಯವರೆಗೆ ಚೆಂಡು ಹಿಡಿದವನು ಎದುರಾಳಿಗಳ ನಡುವೆ ನುಗ್ಗಲೇಬೇಕು, ಬೇರೆ ದಾರಿ ಇಲ್ಲ.

ಪ್ರಶ್ನೆ: ಹೆಫಲ್‌ಫಿಂಗರ್ ಗಾರ್ಡ್ ಆಗಿದ್ದ ಅಂತ ಓದಿದೆ. ಗಾರ್ಡ್‌ಗೆ ಚೆಂಡೇ ಸಿಗುವುದಿಲ್ಲ. ಹಾಗಿರುವಾಗ ಅಷ್ಟು ಹೆಸರು ಹೇಗೆ ಬಂತು?

ಬಂದ ಪ್ರಶ್ನೆಗಳಲ್ಲೆಲ್ಲ ನನಗೆ ತುಂಬ ಇಷ್ಟವಾದದ್ದು ಇದು. ನಿಧಾನವಾಗಿ ಹೇಳುತ್ತೇನೆ.

ಗೆರೆಯ ಮೇಲೆ ಏಳು ಜನ ನಿಲ್ಲುತ್ತಾರೆ. ನಡುವೆ ಸೆಂಟರ್, ಅವನ ಎರಡೂ ಪಕ್ಕ ಗಾರ್ಡ್‌ಗಳು, ಆಚೆ ಟ್ಯಾಕಲ್‌ಗಳು, ತುದಿಯಲ್ಲಿ ಎಂಡ್‌ಗಳು. ಗಾರ್ಡ್‌ನ ಕೆಲಸ ಎದುರಿಗಿರುವವನನ್ನು ತಡೆಯುವುದು, ದಬ್ಬುವುದು. ಚೆಂಡು ಹಿಂದೆ ಎಲ್ಲೋ ಇರುತ್ತದೆ. ಪಂದ್ಯ ಪೂರ್ತಿ ಮಣ್ಣು ಮುಕ್ಕಿ ಎದ್ದರೂ ಜನ ಚಪ್ಪಾಳೆ ತಟ್ಟೋದು ಚೆಂಡು ಹಿಡಿದು ಓಡಿದವನಿಗೇ.

ಗಾರ್ಡ್ ಅಂದರೆ ನಿಂತಲ್ಲೇ ಗುದ್ದಾಡುವ ದಪ್ಪ ಮನುಷ್ಯ ಅಂತ ಎಲ್ಲರೂ ಅಂದುಕೊಂಡಿದ್ದರು. ಪಡ್ಜ್ ದೊಡ್ಡವನೂ ಹೌದು, ವೇಗವೂ ಇತ್ತು. ಚೆಂಡು ಹಿಂದಕ್ಕೆ ಹೋದ ಕೂಡಲೇ ಅವನು ತನ್ನ ಜಾಗ ಬಿಟ್ಟು ಪಕ್ಕಕ್ಕೆ ಸರಿದು, ಗೆರೆಯ ಹಿಂದೆಯೇ ಓಡಿ, ತುದಿಯಲ್ಲಿ ತಿರುಗಿ ಚೆಂಡು ಹಿಡಿದವನ ಮುಂದೆ ನುಗ್ಗುತ್ತಿದ್ದ. ಅಡ್ಡ ಬಂದವರನ್ನು ಕೆಡವಿ ದಾರಿ ಬಿಡಿಸುತ್ತಿದ್ದ. ಹಿಂದಿನವನು ಆ ಸಂದಿಯಲ್ಲಿ ಓಡಿಹೋಗುತ್ತಿದ್ದ. ಇವತ್ತು ಇದಕ್ಕೆ ಪುಲ್ಲಿಂಗ್ ಗಾರ್ಡ್ ಅನ್ನುತ್ತಾರೆ, ಶಾಲೆಯ ತಂಡಗಳಿಂದ ಹಿಡಿದು ದೊಡ್ಡ ಲೀಗ್‌ವರೆಗೆ ಎಲ್ಲರೂ ಮಾಡುತ್ತಾರೆ. ಇದನ್ನು ಮೊದಲು ಮಾಡಿ ತೋರಿಸಿದ ಕೀರ್ತಿ ಆಟದ ಚರಿತ್ರೆ ಬರೆದವರು ಇವನಿಗೇ ಕೊಡುತ್ತಾರೆ.

ಎದುರಾಳಿಯ ಕೈಯಲ್ಲಿ ಚೆಂಡಿದ್ದಾಗಲೂ ಅಷ್ಟೇ. ಆಗ ತಂಡದವರು ಒಬ್ಬರನ್ನೊಬ್ಬರು ಗಟ್ಟಿಯಾಗಿ ಹಿಡಿದುಕೊಂಡು ಬೆಣೆಯ ಆಕಾರದಲ್ಲಿ ನುಗ್ಗುವ ತಂತ್ರ ಇತ್ತು, ಚೆಂಡು ಒಳಗೆ ಬಚ್ಚಿಟ್ಟ ಹಾಗೆ. ಅದನ್ನು ಒಡೆಯೋದು ಕಷ್ಟ. ಪಡ್ಜ್ ಓಡಿ ಬಂದು ಮೊಣಕಾಲು ಮಡಚಿ ಎಗರಿ, ಆ ಬೆಣೆಯ ಮೊನೆಯ ಮೇಲೇ ಬೀಳುತ್ತಿದ್ದ. ಮುಂದಿನವನು ಕುಸಿದರೆ ಹಿಂದಿನವರೆಲ್ಲ ಮುಗ್ಗರಿಸುತ್ತಿದ್ದರು. ಕೇಳಿದರೇ ಮೈ ಜುಮ್ಮೆನ್ನುತ್ತದೆ. ಆ ಮೊನೆಯಲ್ಲಿ ನಿಂತ ಹುಡುಗನಿಗೆ ಎದುರಿಂದ ಹಾರಿ ಬರುವ ತೊಂಬತ್ತು ಕಿಲೋ ಹೇಗೆ ಕಂಡಿರಬೇಕು, ನೀವೇ ಯೋಚಿಸಿ.

ಪ್ರಶ್ನೆ: ಯೇಲ್ ತಂಡ ಅಷ್ಟು ಬಲವಾಗಿತ್ತು ಅನ್ನುತ್ತಾರಲ್ಲ, ಅಂಕಿಸಂಖ್ಯೆ ಇದ್ದರೆ ಕೊಡಿ.

ಕೊಡೋಣ. ಪಡ್ಜ್ ಆಡಿದ್ದು 1888ರಿಂದ 1891ರವರೆಗೆ, ನಾಲ್ಕು ವರ್ಷ. 1888ರಲ್ಲಿ 13 ಪಂದ್ಯ, ಹದಿಮೂರೂ ಗೆಲುವು, ಯೇಲ್ ಗಳಿಸಿದ್ದು 698 ಅಂಕ, ಎದುರಾಳಿಗಳು ಎಲ್ಲರೂ ಸೇರಿ ಗಳಿಸಿದ್ದು ಸೊನ್ನೆ. ಹೌದು, ಒಂದೂ ಇಲ್ಲ. ವೆಸ್ಲಿಯನ್ ಕಾಲೇಜಿನ ಮೇಲೆ ಒಂದು ಸಲ 105-0. 1891ರಲ್ಲೂ ಹಾಗೇ, 13 ಪಂದ್ಯ, 488-0. ನಡುವಿನ ಎರಡು ವರ್ಷಗಳಲ್ಲಿ ಒಂದೊಂದು ಸೋಲು: 1889ರಲ್ಲಿ ಪ್ರಿನ್ಸ್‌ಟನ್ ಕೈಯಲ್ಲಿ 10-0, 1890ರಲ್ಲಿ ಹಾರ್ವರ್ಡ್ ಕೈಯಲ್ಲಿ 12-6. ಒಟ್ಟು 54 ಗೆಲುವು, 2 ಸೋಲು.

ಚಿಕ್ಕ ಕಾಲೇಜುಗಳ ಮೇಲೆ ನೂರು ಅಂಕ ಹೊಡೆಯೋದು ದೊಡ್ಡದಲ್ಲ ಅಂತ ನೀವು ಹೇಳಬಹುದು, ಅದು ಸರಿಯೇ. ನಿಜವಾದ ಪರೀಕ್ಷೆ ಪ್ರಿನ್ಸ್‌ಟನ್ ಮತ್ತು ಹಾರ್ವರ್ಡ್. 1888ರ ಪ್ರಿನ್ಸ್‌ಟನ್ ಪಂದ್ಯದಲ್ಲಿ ಯೇಲ್‌ಗೆ ಒಂದೂ ಟಚ್‌ಡೌನ್, ಅಂದರೆ ಚೆಂಡನ್ನು ಎದುರಾಳಿಯ ಕೊನೆಯ ಗೆರೆ ದಾಟಿಸಿ ಗಳಿಸುವ ಅಂಕ, ಸಿಗಲಿಲ್ಲ. ಬಿಲ್ಲಿ ಬುಲ್ ಅನ್ನುವವನು ಚೆಂಡನ್ನು ಗೋಲಿನ ಕಂಬಗಳ ನಡುವೆ ಒದ್ದು ಗಳಿಸಿದ ಎರಡು ಫೀಲ್ಡ್ ಗೋಲ್‌ಗಳಿಂದ 10-0 ಆಯಿತು. ಆಗ ಫೀಲ್ಡ್ ಗೋಲ್‌ಗೆ 5 ಅಂಕ, ಟಚ್‌ಡೌನ್‌ಗೆ ಬರೀ 4. ಇವತ್ತಿನವರಿಗೆ ವಿಚಿತ್ರ ಅನ್ನಿಸುತ್ತದೆ, ಆದರೆ ಒದೆಯುವ ಆಟ ಇದ್ದ ಕಾಲದ ಗುರುತು ಅದು.

1889ರಲ್ಲಿ ದೇಶದ ಅತ್ಯುತ್ತಮ ಹನ್ನೊಂದು ಆಟಗಾರರ ಪಟ್ಟಿ, ಅಂದರೆ ಆಲ್-ಅಮೆರಿಕ ತಂಡ, ಮೊದಲ ಸಲ ಪ್ರಕಟವಾಯಿತು. ಪಡ್ಜ್ ಅದರಲ್ಲಿದ್ದ, ಮುಂದಿನ ಎರಡು ವರ್ಷವೂ ಇದ್ದ. ಆ ಮೊದಲ ಪಟ್ಟಿಯ ಹನ್ನೊಂದೂ ಜನ ಯೇಲ್, ಹಾರ್ವರ್ಡ್, ಪ್ರಿನ್ಸ್‌ಟನ್ ಮೂರೇ ಕಾಲೇಜಿನವರು. ಅದರಲ್ಲಿ ಪ್ರಿನ್ಸ್‌ಟನ್‌ನ ಕ್ವಾರ್ಟರ್‌ಬ್ಯಾಕ್ (ಸೆಂಟರ್‌ನ ಹಿಂದೆ ನಿಂತು ಚೆಂಡು ತಗೊಳ್ಳುವವನು) ಹೆಸರು ಎಡ್ಗರ್ ಅಲನ್ ಪೋ, ಆ ಹೆಸರಿನ ಕವಿಯ ಸಂಬಂಧಿಕನೇ!

ಪ್ರಶ್ನೆ: ಅಷ್ಟು ದೊಡ್ಡ ತಂಡಕ್ಕೆ ತರಬೇತಿ ಕೊಡುತ್ತಿದ್ದವರು ಯಾರು?

ವಾಲ್ಟರ್ ಕ್ಯಾಂಪ್, ಮತ್ತು ಅವನ ಹೆಂಡತಿ ಆಲಿಸ್. ಎರಡನೇ ಹೆಸರನ್ನು ಎಷ್ಟೋ ಜನ ಬಿಟ್ಟೇಬಿಡುತ್ತಾರೆ, ನನಗೆ ಅದು ಬೇಜಾರಿನ ಸಂಗತಿ. ಕ್ಯಾಂಪ್‌ಗೆ ಹಗಲೆಲ್ಲ ಗಡಿಯಾರದ ಕಂಪನಿಯಲ್ಲಿ ಕೆಲಸ. ಮಧ್ಯಾಹ್ನದ ಅಭ್ಯಾಸಕ್ಕೆ ಬರೋಕೆ ಆಗುತ್ತಿರಲಿಲ್ಲ. 1888ರಲ್ಲಿ, ಆಗತಾನೇ ಮದುವೆಯಾಗಿದ್ದ ಆಲಿಸ್ ಮೈದಾನದ ಅಂಚಿನಲ್ಲಿ ಓಡಾಡುತ್ತಾ ಯಾರು ಹೇಗೆ ಆಡಿದರು ಅಂತ ಬರೆದುಕೊಂಡು ಮನೆಗೆ ಹೋಗಿ ಗಂಡನಿಗೆ ಹೇಳುತ್ತಿದ್ದಳು. ಸಂಜೆ ಆಟಗಾರರು ಅವರ ಮನೆಗೆ ಹೋಗಿ ತಪ್ಪು-ಒಪ್ಪು ತಿಳಿದುಕೊಂಡು ಬರುತ್ತಿದ್ದರು. 698-0 ಅನ್ನುವ ಲೆಕ್ಕದಲ್ಲಿ ಆ ಹೆಣ್ಣುಮಗಳ ಕಣ್ಣಿನ ಪಾಲೂ ಇದೆ.

ಪ್ರಶ್ನೆ: ಹೆಲ್ಮೆಟ್ ಇರಲಿಲ್ಲವಂತೆ, ನಿಜವಾ? ಪೆಟ್ಟಾಗುತ್ತಿರಲಿಲ್ವಾ?

ನಿಜ, ಹೆಲ್ಮೆಟ್ ಇಲ್ಲ. ತಲೆಗೆ ಸ್ವಲ್ಪ ರಕ್ಷಣೆ ಇರಲಿ ಅಂತ ಕೂದಲು ಉದ್ದಕ್ಕೆ ಬಿಡುತ್ತಿದ್ದರು. ಮೈಗೆ ಕ್ಯಾನ್‌ವಾಸಿನ ಜಾಕೆಟ್, ಮುಂದೆ ಬೂಟಿನ ದಾರದ ಹಾಗೆ ಬಿಗಿದು ಕಟ್ಟಿದ್ದು, ಹಿಡಿದರೆ ಕೈ ಜಾರಲಿ ಅಂತ. 45 ನಿಮಿಷದ ಎರಡು ಅವಧಿ. ಒಮ್ಮೆ ಹೊರಗೆ ಹೋದರೆ ಮತ್ತೆ ಒಳಗೆ ಬರುವಂತಿಲ್ಲ, ಹಾಗಾಗಿ ಮೂಗು ಒಡೆದರೂ ಆಡುತ್ತಲೇ ಇರುತ್ತಿದ್ದರು. ಪೆಟ್ಟಷ್ಟೇ ಅಲ್ಲ, ಸಾವುಗಳೂ ಆಗುತ್ತಿದ್ದವು. 1905ರಲ್ಲಿ ಅಧ್ಯಕ್ಷ ರೂಸ್‌ವೆಲ್ಟ್ ಅವರೇ ದೊಡ್ಡ ಕಾಲೇಜುಗಳವರನ್ನು ಕರೆದು ಮಾತಾಡಬೇಕಾಯಿತು. ಮಾರನೇ ವರ್ಷ ನಿಯಮ ಬದಲಾದದ್ದಕ್ಕೆ ಇದೇ ಕಾರಣ. ಆಗಿನ ಆಟವನ್ನು ನಾನು ಎಷ್ಟು ಮೆಚ್ಚಿಕೊಂಡು ಬರೆದರೂ ಈ ಮಾತು ಮುಚ್ಚಿಡೋಕೆ ಆಗುವುದಿಲ್ಲ.

ಪ್ರಶ್ನೆ: ಆ 500 ಡಾಲರ್ ಕಥೆ ವಿವರವಾಗಿ ಹೇಳಿ. ಒಂದು ಆಟಕ್ಕೆ ಅಷ್ಟು ದುಡ್ಡು ಯಾರು ಕೊಟ್ಟರು, ಯಾಕೆ ಕೊಟ್ಟರು?

ಪೆನ್ಸಿಲ್ವೇನಿಯಾದ ಪಿಟ್ಸ್‌ಬರ್ಗ್ ಕಡೆಯ ಎರಡು ಕ್ಲಬ್‌ಗಳ ಜಿದ್ದು ಇದಕ್ಕೆ ಮೂಲ. ಒಂದು ಅಲಿಗೇನಿ ಅಥ್ಲೆಟಿಕ್ ಅಸೋಸಿಯೇಷನ್, ಇನ್ನೊಂದು ಪಿಟ್ಸ್‌ಬರ್ಗ್ ಅಥ್ಲೆಟಿಕ್ ಕ್ಲಬ್. 1892ರ ಅಕ್ಟೋಬರ್‌ನಲ್ಲಿ ಇಬ್ಬರೂ ಆಡಿ 6-6ರಲ್ಲಿ ಸಮ ಆಗಿದ್ದರು. ಆಮೇಲೆ ಗೊತ್ತಾಯಿತು, ಪಿಟ್ಸ್‌ಬರ್ಗ್ ತಂಡದಲ್ಲಿ ಸ್ಟೇಯರ್ ಅನ್ನುವ ಹೆಸರಲ್ಲಿ ಆಡಿದವನು ಪೆನ್ ಸ್ಟೇಟ್ ಕಾಲೇಜು ತಂಡದ ನಾಯಕ ರೀಡ್ ಅಂತ. ಅಲಿಗೇನಿಯವರಿಗೆ ಉರಿಯಿತು. ನವೆಂಬರ್ 12ಕ್ಕೆ ಮತ್ತೊಂದು ಪಂದ್ಯ ಇತ್ತು. ಎರಡೂ ಕಡೆಯವರು ಒಳಗೊಳಗೇ ಒಳ್ಳೆ ಆಟಗಾರರನ್ನು ಹುಡುಕೋಕೆ ಶುರು ಮಾಡಿದರು.

ಆಗ ಪಡ್ಜ್ ಕಾಲೇಜು ಮುಗಿಸಿ ರೈಲ್ವೆ ಕಚೇರಿಯಲ್ಲಿ ಕೆಲಸಕ್ಕಿದ್ದ. ರಜೆ ಹಾಕಿ, ಶಿಕಾಗೋ ಅಥ್ಲೆಟಿಕ್ ಅಸೋಸಿಯೇಷನ್ ತಂಡದ ಜೊತೆ ಊರೂರು ಸುತ್ತಿ ಆಡುತ್ತಿದ್ದ. ಪಿಟ್ಸ್‌ಬರ್ಗ್ ಕ್ಲಬ್ ಅವನಿಗೆ 250 ಡಾಲರ್ ಕೊಡಲು ಹೊರಟಿದೆ ಅಂತ ಪತ್ರಿಕೆಯಲ್ಲೇ ಬಂತು. ಅಷ್ಟಕ್ಕೆ ತನ್ನ ಅಮೆಚೂರ್, ಅಂದರೆ ದುಡ್ಡಿಲ್ಲದೆ ಆಡುವವನು ಅನ್ನುವ ಹೆಸರು ಕಳೆದುಕೊಳ್ಳೋಕೆ ಅವನು ತಯಾರಿರಲಿಲ್ಲ. 500 ಕೊಡುತ್ತೇವೆ ಅಂದದ್ದು ಅಲಿಗೇನಿ. ಜೊತೆಗೆ ದಾರಿಖರ್ಚು 25. ಆಗ ಎಷ್ಟೋ ಕಾರ್ಖಾನೆ ಕೆಲಸಗಾರರು ವರ್ಷವಿಡೀ ದುಡಿದರೂ ಅಷ್ಟು ಸಿಗುತ್ತಿರಲಿಲ್ಲ.

ಪಂದ್ಯದ ದಿನ ಚಳಿ. ರಿಕ್ರಿಯೇಷನ್ ಪಾರ್ಕ್‌ನಲ್ಲಿ ಸುಮಾರು 3,000 ಜನ ಸೇರಿದ್ದರು. ಅಲಿಗೇನಿ ಕಡೆಯಿಂದ ಪಡ್ಜ್ ಮತ್ತು ಇನ್ನಿಬ್ಬರು ಶಿಕಾಗೋ ಆಟಗಾರರು ಮೈದಾನಕ್ಕೆ ಇಳಿದದ್ದನ್ನು ನೋಡಿದ್ದೇ ತಡ, ಪಿಟ್ಸ್‌ಬರ್ಗ್‌ನವರು ಆಡುವುದಿಲ್ಲ ಅಂತ ಹೊರಟರು. ವಾದ, ಜಗಳ, ಬಾಜಿ ಕಟ್ಟಿದವರ ಕೂಗಾಟ. ಕೊನೆಗೆ ಬಾಜಿಗಳನ್ನೆಲ್ಲ ರದ್ದು ಮಾಡಿ, ಕತ್ತಲಾಗುತ್ತೆ ಅಂತ ಅವಧಿಯನ್ನು 30 ನಿಮಿಷಕ್ಕೆ ಇಳಿಸಿ ಆಟ ಶುರು ಮಾಡಿದರು.

ಮೊದಲ ಅವಧಿಯಲ್ಲೇ ಅದು ನಡೆಯಿತು. ಪಿಟ್ಸ್‌ಬರ್ಗ್‌ನವನೊಬ್ಬ ಚೆಂಡು ಹಿಡಿದು ಬರುತ್ತಿದ್ದ. ಪಡ್ಜ್ ಹೋಗಿ ಗುದ್ದಿದ, ಚೆಂಡು ಕೈಬಿಟ್ಟಿತು, ಪಡ್ಜ್ ಅದನ್ನು ಬಾಚಿಕೊಂಡು ಓಡಿಯೇ ಓಡಿದ. ಟಚ್‌ಡೌನ್. ನಾಲ್ಕು ಅಂಕ. ಅಷ್ಟೇ, ಆಮೇಲೆ ಯಾರೂ ಅಂಕ ಗಳಿಸಲಿಲ್ಲ, 4-0ರಲ್ಲಿ ಅಲಿಗೇನಿ ಗೆದ್ದಿತು. ಬದುಕೆಲ್ಲ ಬೇರೆಯವರು ಓಡಲಿ ಅಂತ ದಾರಿ ಬಿಡಿಸಿದ ಮನುಷ್ಯ, ದುಡ್ಡು ತಗೊಂಡ ದಿನ ತಾನೇ ಚೆಂಡು ಹಿಡಿದು ಓಡಿ ಗೆಲ್ಲಿಸಿದ. ಈ ಭಾಗ ಬರೆಯುವಾಗ ನನಗೆ ಇವತ್ತಿಗೂ ಖುಷಿಯಾಗುತ್ತದೆ.

ಪ್ರಶ್ನೆ: ಗುಟ್ಟಾಗಿ ಕೊಟ್ಟ ದುಡ್ಡಿಗೆ ಸಾಕ್ಷಿ ಎಲ್ಲಿಂದ ಬಂತು?

ಕ್ಲಬ್‌ನ ಲೆಕ್ಕದ ಹಾಳೆಯಿಂದ. ಆಟ ಆಡಿದ್ದಕ್ಕೆ ಡಬ್ಲ್ಯು. ಹೆಫಲ್‌ಫಿಂಗರ್‌ಗೆ ನಗದು ಬೋನಸ್ 500 ಡಾಲರ್ ಅಂತ ಅದರಲ್ಲಿ ನೇರವಾಗಿಯೇ ಬರೆದಿದೆ. ಅದೇ ಹಾಳೆಯಲ್ಲಿ ಮೈದಾನದ ಬಾಡಿಗೆ 50, ಹೊರಗಿಂದ ಬಂದ ಮೂವರ ಖರ್ಚು 75, ಎಲ್ಲಾ ಕಳೆದು ಉಳಿದ ಲಾಭ 621 ಡಾಲರ್ ಅಂತಲೂ ಇದೆ. ಅಂದರೆ ಅಷ್ಟು ಕೊಟ್ಟೂ ಕ್ಲಬ್‌ಗೆ ಲಾಭವೇ ಆಗಿತ್ತು. ಈ ಸಂಗತಿ ಎಲ್ಲರಿಗೂ ಗೊತ್ತಾದದ್ದು 1960ರ ದಶಕದಲ್ಲಿ. ಅಲ್ಲಿಯವರೆಗೆ ಮೊದಲ ವೃತ್ತಿಪರ ಆಟಗಾರ ಅಂದರೆ ಜಾನ್ ಬ್ರಾಲಿಯರ್ ಅಂತಿತ್ತು. ಅವನು 1895ರಲ್ಲಿ ಲಟ್ರೋಬ್ ಊರಿನ ತಂಡಕ್ಕೆ 10 ಡಾಲರ್ ಮತ್ತು ಖರ್ಚಿಗೆ ಆಡಿದವನು. ಈಗ ಆ ಹಾಳೆ ಓಹಾಯೋದ ಕ್ಯಾಂಟನ್‌ನಲ್ಲಿರುವ ವೃತ್ತಿಪರ ಫುಟ್‌ಬಾಲ್ ಹಾಲ್ ಆಫ್ ಫೇಮ್‌ನಲ್ಲಿದೆ, ಅಂದರೆ ದೊಡ್ಡ ಆಟಗಾರರನ್ನು ಆರಿಸಿ ಗೌರವಿಸುವ ಮ್ಯೂಸಿಯಂನಲ್ಲಿ.

ಪ್ರಶ್ನೆ: ಸುಮ್ನೆ ಕೇಳ್ತೀನಿ, ಅಮೆಚೂರ್ ಅಂತ ಹೇಳಿಕೊಂಡು ದುಡ್ಡು ತಗೊಳ್ಳೋದು ಮೋಸ ಅಲ್ವಾ? ಅವನನ್ನು ನೀವು ಹೊಗಳೋದು ಸರೀನಾ?

ನಿಯಮದ ಪ್ರಕಾರ ತಪ್ಪೇ. ಅಮೆಚೂರ್ ಅಥ್ಲೆಟಿಕ್ ಯೂನಿಯನ್ ಆಟಕ್ಕೆ ದುಡ್ಡು ಕೊಡುವುದನ್ನು ನಿಷೇಧಿಸಿತ್ತು. ಆದರೆ ಆಗ ಏನು ನಡೆಯುತ್ತಿತ್ತು ನೋಡಿ. ಆಟಗಾರನಿಗೆ ಬಹುಮಾನ ಅಂತ ಚಿನ್ನದ ಗಡಿಯಾರ ಕೊಡುವುದು, ಅವನು ಅದನ್ನು ಗಿರವಿ ಇಟ್ಟು ದುಡ್ಡು ತಗೊಳ್ಳುವುದು, ಕ್ಲಬ್‌ನವರೇ ಬಿಡಿಸಿ ತಂದು ಮುಂದಿನ ಪಂದ್ಯಕ್ಕೆ ಅದನ್ನೇ ಮತ್ತೆ ಬಹುಮಾನ ಕೊಡುವುದು! ಇನ್ನು ಕೆಲವು ಕಡೆ ದಾರಿಖರ್ಚನ್ನು ದುಪ್ಪಟ್ಟು ಮಾಡಿ ಕೊಡುತ್ತಿದ್ದರು. ಇವೆಲ್ಲ ಅಮೆಚೂರ್ ಅನ್ನುವ ಹೆಸರಿನಲ್ಲೇ ನಡೆಯುತ್ತಿತ್ತು.

ಜನ ಟಿಕೆಟ್ ಕೊಂಡು ನೋಡುತ್ತಿದ್ದರು. ಆ ದಿನ ಗೇಟಿನಲ್ಲಿ ಸೇರಿದ ದುಡ್ಡು 1,683 ಡಾಲರ್‌ಗೂ ಜಾಸ್ತಿ. ಅದರಲ್ಲಿ ಮೈ ಮುರಿದು ಆಡುವವನಿಗೆ ಪಾಲು ಬೇಡ ಅನ್ನುವುದು ನನಗೆ ನ್ಯಾಯ ಅನ್ನಿಸುವುದಿಲ್ಲ. ಕದ್ದುಮುಚ್ಚಿ ಮಾಡಿದ್ದು ಸರಿಯಿಲ್ಲ, ಅದನ್ನು ಒಪ್ಪುತ್ತೇನೆ. ದುಡಿಮೆಗೆ ಕೂಲಿ ಕೇಳಿದ್ದು ತಪ್ಪು ಅಂತ ಮಾತ್ರ ಒಪ್ಪೋಕೆ ಆಗಲ್ಲ. ಅವನನ್ನು ಬರೀ ಆ 500 ಡಾಲರಿಂದ ಅಳೆಯುವುದಂತೂ ಅನ್ಯಾಯ. ಮುಂದಿನ ಉತ್ತರ ಓದಿ, ದುಡ್ಡಿಗಾಗಿ ಆಡಿದವನಾ ಅಲ್ವಾ ಅಂತ ನೀವೇ ಹೇಳಿ.

ಪ್ರಶ್ನೆ: ಆಮೇಲೆ ಅವನು ಏನಾದ?

ಮೂರು ಕಡೆ ತರಬೇತಿ ಕೊಟ್ಟ. 1893ರಲ್ಲಿ ಕ್ಯಾಲಿಫೋರ್ನಿಯಾ, 1894ರಲ್ಲಿ ಲೀಹೈ, 1895ರಲ್ಲಿ ತನ್ನ ಊರಿನದೇ ಆದ ಮಿನಿಸೋಟ ವಿಶ್ವವಿದ್ಯಾಲಯ. ಅಲ್ಲಿಗೆ ಅದು ಮುಗಿಯಿತು. ಮಿನಿಯಾಪೊಲಿಸ್‌ನಲ್ಲಿ ಬೂಟಿನ ವ್ಯಾಪಾರ ನೋಡಿಕೊಂಡ. 1904 ಮತ್ತು 1908ರಲ್ಲಿ ರಿಪಬ್ಲಿಕನ್ ಪಕ್ಷದ ರಾಷ್ಟ್ರೀಯ ಸಮಾವೇಶಕ್ಕೆ ಪ್ರತಿನಿಧಿಯಾಗಿ ಹೋದ. 1930ರಲ್ಲಿ ಕಾಂಗ್ರೆಸ್‌ಗೆ, ಅಂದರೆ ಅಮೆರಿಕದ ಸಂಸತ್ತಿಗೆ, ನಿಂತು ಸೋತ. ಆದರೆ ಮಿನಿಯಾಪೊಲಿಸ್ ಇರುವ ಹೆನಪಿನ್ ಕೌಂಟಿಯ (ನಮ್ಮ ಜಿಲ್ಲೆಯ ಹಾಗೆ) ಕಮಿಷನರ್ ಆಗಿ 1924ರಿಂದ 1948ರವರೆಗೆ, ಇಪ್ಪತ್ನಾಲ್ಕು ವರ್ಷ ಇದ್ದ. ಫುಟ್‌ಬಾಲ್ ನಿಯಮ, ವೇಳಾಪಟ್ಟಿ, ದಾಖಲೆಗಳಿರುವ ಚಿಕ್ಕ ಕೈಪಿಡಿಯನ್ನೂ ವರ್ಷವರ್ಷ ಹೊರತರುತ್ತಿದ್ದ.

ಆಟ ಬಿಡಲಿಲ್ಲ. ಯೇಲ್‌ಗೆ ಆಗಾಗ ಹೋಗಿ ಹುಡುಗರಿಗೆ ಹೇಳಿಕೊಡುತ್ತಿದ್ದ. ಹೇಳಿಕೊಡೋದು ಅಂದರೆ ಪಕ್ಕದಲ್ಲಿ ನಿಂತು ಕೂಗೋದಲ್ಲ, ತಾನೇ ಗೆರೆಯ ಮೇಲೆ ನಿಂತು ಗುದ್ದಾಡೋದು. 1916ರಲ್ಲಿ ಅವನಿಗೆ 48 ವರ್ಷ. ಅಭ್ಯಾಸಕ್ಕೆ ಇಳಿದು ಎಷ್ಟು ಜೋರಾಗಿ ನುಗ್ಗಿದನೆಂದರೆ, ಮುಖ್ಯ ತಂಡದ ಹುಡುಗರಿಗೇ ಪೆಟ್ಟಾಯಿತು. ದೊಡ್ಡ ಪಂದ್ಯಗಳು ಹತ್ತಿರ ಇವೆ, ದಯವಿಟ್ಟು ಇನ್ನು ಸಾಕು ಅಂತ ಕೋಚ್ ಕೇಳಿಕೊಳ್ಳಬೇಕಾಯಿತು.

ಪ್ರಶ್ನೆ: ಅವನ ಲೆಕ್ಕದ ಹಾಳೆ ವೃತ್ತಿಪರರ ಹಾಲ್ ಆಫ್ ಫೇಮ್‌ನಲ್ಲಿದೆ ಅಂದಿರಿ. ಅವನೂ ಅದರ ಸದಸ್ಯನಾ?

ಅಲ್ಲ. ಹಾಳೆ ಇದೆ, ಅವನಿಲ್ಲ. ಕಾಲೇಜು ಫುಟ್‌ಬಾಲ್‌ಗೆ ಬೇರೆಯೇ ಹಾಲ್ ಆಫ್ ಫೇಮ್ ಇದೆ. 1951ರಲ್ಲಿ ಅದಕ್ಕೆ ಆರಿಸಿದ ಮೊದಲ ಗುಂಪಿನಲ್ಲೇ ಅವನ ಹೆಸರಿತ್ತು. ಅವನ ಜಾಗವೂ ಅದೇ ಅಂತ ನನ್ನ ಅಭಿಪ್ರಾಯ.

ಪ್ರಶ್ನೆ: ಕೊನೆಯ ಸಲ ಆಡಿದ್ದು ಯಾವಾಗ?

1933ರಲ್ಲಿ. ಮಿನಿಯಾಪೊಲಿಸ್‌ನಲ್ಲಿ ಸಹಾಯಾರ್ಥ ಒಂದು ಪಂದ್ಯ ಏರ್ಪಡಿಸಿದ್ದರು. ಅಷ್ಟು ಹೊತ್ತಿಗೆ ಹೆಲ್ಮೆಟ್ ಬಂದಿತ್ತು, ಟಚ್‌ಡೌನ್‌ಗೆ ಆರು ಅಂಕ ಆಗಿತ್ತು, ಚೆಂಡು ಗಾಳಿಯಲ್ಲಿ ಹಾರಾಡುತ್ತಿತ್ತು. 65 ದಾಟಿದ ಪಡ್ಜ್ ಮೈದಾನಕ್ಕೆ ಇಳಿದು ಗೆರೆಯ ಮೇಲೆ ನಿಂತು ಆಡಿದ. 1954ರ ಏಪ್ರಿಲ್ 2ರಂದು, ಟೆಕ್ಸಸ್ ರಾಜ್ಯದ ಬ್ಲೆಸಿಂಗ್ ಅನ್ನುವ ಪುಟ್ಟ ಊರಿನಲ್ಲಿ ತೀರಿಕೊಂಡ. ಆಗ ಅವನಿಗೆ 86 ವರ್ಷ.